ಸೈಕಲ್ ಪಂಕ್ಚರ್ : ತೇಪೆ ಹಾಕಿದರಷ್ಟೇ ಸಾಲದು

ತೇಪೆ ಹಾಕಿಸಿದ ಮರುದಿನವೇ ಸೈಕಲ್ಲಿನ ಗಾಳಿ ಮತ್ತೆ ಇಳಿದರೆ, ದೋಷ ತೇಪೆಯದೇ ಆಗಿರಬೇಕಿಲ್ಲ. ಟ್ಯೂಬನ್ನು ಚುಚ್ಚಿದ ಮುಳ್ಳು ಟೈರಿನಲ್ಲೇ ಉಳಿದಿದ್ದರೆ, ಹೊಸ ಟ್ಯೂಬಿಗೂ ಅದೇ ಗತಿ.

ತೂತಿನ ಜಾಗವೇ ಕಾರಣವನ್ನು ಸೂಚಿಸುತ್ತದೆ. ಗಾಳಿ ತುಂಬಿದ ಟ್ಯೂಬನ್ನು ನೀರಿನಲ್ಲಿ ಮುಳುಗಿಸಿದಾಗ ಗುಳ್ಳೆಗಳು ಹೊರಬದಿಯಲ್ಲಿ ಎದ್ದರೆ, ಸಾಮಾನ್ಯವಾಗಿ ಜಾಲಿ ಮುಳ್ಳು ಅಥವಾ ಗಾಜಿನ ಚೂರು ಕಾರಣ. ರಿಮ್ಮಿಗೆ ತಾಗುವ ಒಳಬದಿಯಲ್ಲಿ ಎದ್ದರೆ, ರಿಮ್ಮಿನ ಪಟ್ಟಿ ಸರಿದು ಕಡ್ಡಿಯ ತುದಿ ಚುಚ್ಚಿರಬಹುದು. ಅಕ್ಕಪಕ್ಕದಲ್ಲಿ ಎರಡು ಸೀಳುಗಳಿದ್ದರೆ, ಗಾಳಿ ಕಡಿಮೆಯಿದ್ದ ಚಕ್ರ ಹೊಂಡಕ್ಕಿಳಿದು ಟ್ಯೂಬು ರಿಮ್ಮಿನಡಿ ಜಜ್ಜಿದೆ ಎಂದರ್ಥ.

ಟ್ಯೂಬನ್ನು ಮರಳಿ ಹಾಕುವ ಮುನ್ನ ಟೈರಿನ ಒಳಮೈಯನ್ನು ಬಟ್ಟೆಯಿಂದ ಸವರಬೇಕು. ಮುಳ್ಳಿನ ಮೊನೆಗೆ ಬಟ್ಟೆ ಸಿಕ್ಕಿಕೊಳ್ಳುತ್ತದೆ. ಆಕಾರ ತಳೆಯುವಷ್ಟು ಗಾಳಿಯನ್ನು ಟ್ಯೂಬಿಗೆ ತುಂಬಿ, ವಾಲ್ವ್ ನೆಟ್ಟಗಿರುವಂತೆ ಕೂರಿಸಬೇಕು. ಟೈರಿನ ಅಂಚನ್ನು ವಾಲ್ವಿನ ಎದುರು ಭಾಗದಿಂದ ಕೂರಿಸುತ್ತ ಬಂದು ವಾಲ್ವಿನ ಬಳಿ ಮುಗಿಸುವುದು ಸುಲಭ. ಕೊನೆಯ ಅಂಚನ್ನು ಹೆಬ್ಬೆರಳುಗಳಿಂದ ಒತ್ತುವುದು ಲೇಸು; ಲಿವರಿನಿಂದ ಮೀಟಿದರೆ ಟ್ಯೂಬು ಸೀಳೀತು. ಅಂಚಿನಡಿ ಟ್ಯೂಬು ಸಿಕ್ಕಿಲ್ಲವೆಂದು ಖಚಿತಪಡಿಸಿಕೊಂಡ ಮೇಲಷ್ಟೇ ಪೂರ್ತಿ ಗಾಳಿ ತುಂಬಬೇಕು.

ಟೈರು ಬದಲಿಸುವಾಗ ‘26 ಇಂಚು’ ಎಂದಷ್ಟೇ ಕೇಳಿದರೆ ಹಣ ವ್ಯರ್ಥವಾದೀತು. 37-590 ಮತ್ತು 50-559 ಗುರುತಿನ ಟೈರುಗಳೆರಡೂ 26 ಇಂಚಿನವೇ. ಆದರೆ ಒಂದರ ರಿಮ್ಮಿಗೆ ಇನ್ನೊಂದು ಕೂರದು. ಮೊದಲ ಅಂಕಿ ಟೈರಿನ ಅಗಲ, ಎರಡನೆಯದು ಅಂಚು ಕೂರುವಲ್ಲಿ ರಿಮ್ಮಿನ ವ್ಯಾಸ; ಎರಡೂ ಮಿಲಿಮೀಟರುಗಳಲ್ಲಿ.

ತೂತಿಲ್ಲದಿದ್ದರೂ ರಬ್ಬರಿನ ಮೂಲಕ ಗಾಳಿ ನಿಧಾನವಾಗಿ ಸೋರುತ್ತದೆ. ಆದ್ದರಿಂದ ವಾರಕ್ಕೊಮ್ಮೆ ಪರೀಕ್ಷಿಸಿ, ಟೈರಿನ ಬದಿಯಲ್ಲಿ ಮುದ್ರಿಸಿರುವ ಮಿತಿಯೊಳಗೆ ಗಾಳಿ ತುಂಬುವುದೇ ಅಗ್ಗದ ಆರೈಕೆ.