'ಬೆಳ್ಳಿಮೋಡ': ತಡವಾಗಿ ಬಂದ ಪಶ್ಚಾತ್ತಾಪದ ಕಥೆ

ಮನೆಯಲ್ಲಿ ಹೆಣ್ಣುಮಗಳ ಮದುವೆಯ ಮಾತುಕತೆ ಆರಂಭವಾದೊಡನೆ ನಾವು ವರನ ಮನೆತನ, ವಿದ್ಯೆ, ನೌಕರಿ, ಹೊಲ-ಮನೆ ಎಲ್ಲವನ್ನೂ ವಿಚಾರಿಸುತ್ತೇವೆ. ಆದರೆ ಈ ಹುಡುಗನು ಬಯಸುತ್ತಿರುವುದು ನಮ್ಮ ಮಗಳನ್ನೋ ಅಥವಾ ಅವಳ ಬೆನ್ನಿಗಿರುವ ಆಸ್ತಿಯನ್ನೋ ಎಂಬ ಪ್ರಶ್ನೆಯನ್ನು ಮಾತ್ರ ಕೇಳಲು ಹಿಂಜರಿಯುತ್ತೇವೆ. 1967ರಲ್ಲಿ ತೆರೆಕಂಡ 'ಬೆಳ್ಳಿಮೋಡ' ಚಿತ್ರವು ಇದೇ ಪ್ರಶ್ನೆಯನ್ನು ಕನ್ನಡ ಕುಟುಂಬಗಳ ಮುಂದಿರಿಸಿತು.

ತ್ರಿವೇಣಿಯವರ ಅದೇ ಹೆಸರಿನ ಕಾದಂಬರಿಯನ್ನು ಆಧರಿಸಿದ ಈ ಚಿತ್ರವು ಪುಟ್ಟಣ್ಣ ಕಣಗಾಲ್ ಅವರು ಕನ್ನಡದಲ್ಲಿ ನಿರ್ದೇಶಿಸಿದ ಮೊದಲ ಕೃತಿ. ಮೂವತ್ತೈದು ತುಂಬುವ ಮೊದಲೇ, 1963ರಲ್ಲಿ ತೀರಿಕೊಂಡ ತ್ರಿವೇಣಿಯವರಿಗೆ ಇದನ್ನು ನೋಡುವ ಭಾಗ್ಯ ಒದಗಲಿಲ್ಲ. ಇಂದಿರೆಯಾಗಿ ಕಲ್ಪನಾ, ಮೋಹನನಾಗಿ ಕಲ್ಯಾಣ್ ಕುಮಾರ್, ತಂದೆ-ತಾಯಿಯರಾಗಿ ಕೆ. ಎಸ್. ಅಶ್ವಥ್ ಮತ್ತು ಪಂಢರಿಬಾಯಿ ಅಭಿನಯಿಸಿದರು. ವಿಜಯಭಾಸ್ಕರ್ ಅವರ ಸಂಗೀತದಲ್ಲಿ ಬೇಂದ್ರೆಯವರ 'ಬೆಳಗು' ಕವನವು ಮನೆಮನೆಯ ಹಾಡಾಯಿತು.

ಮಲೆನಾಡಿನ ಕಾಫಿ ತೋಟವೊಂದರ ಒಡೆಯರಿಗೆ ಇಂದಿರೆ ಒಬ್ಬಳೇ ಮಗಳು. ಬುದ್ಧಿವಂತನಾದ ಮೋಹನನೊಡನೆ ಅವಳ ವಿವಾಹ ನಿಶ್ಚಯವಾಗುತ್ತದೆ. ಅವನು ವಿದೇಶದಲ್ಲಿ ಓದಲು ಬೇಕಾದ ಹಣವನ್ನು ಭಾವೀ ಮಾವನೇ ಒದಗಿಸುತ್ತಾನೆ. ಇಂದಿರೆ ಅವನ ಬರವನ್ನು ಕಾಯುತ್ತಾಳೆ. ಅಷ್ಟರಲ್ಲಿ ಯಾರೂ ನಿರೀಕ್ಷಿಸದ ಸಂಗತಿಯೊಂದು ನಡೆಯುತ್ತದೆ. ಎಷ್ಟೋ ವರ್ಷಗಳ ಅನಂತರ ತಾಯಿ ಮತ್ತೆ ಗರ್ಭಿಣಿಯಾಗಿ, ಗಂಡುಮಗುವನ್ನು ಹಡೆದು ಕಣ್ಮುಚ್ಚುತ್ತಾಳೆ. ತಾಯಿಯಿಲ್ಲದ ಕೂಸು ಅಕ್ಕನ ಮಡಿಲು ಸೇರುತ್ತದೆ.

ಮರಳಿ ಬಂದ ಮೋಹನನ ಲೆಕ್ಕವೇ ಬದಲಾಗುತ್ತದೆ. ತೋಟಕ್ಕೆ ವಾರಸುದಾರ ಹುಟ್ಟಿದ್ದಾನೆಂದು ತಿಳಿದ ಮೇಲೆ ಅವನು ಮದುವೆಯಿಂದ ಹಿಂದೆ ಸರಿಯುತ್ತಾನೆ. ಇಂದಿರೆಯ ರೂಪ, ಗುಣ, ನಡತೆಗಳಲ್ಲಿ ಏನೂ ಕಡಿಮೆಯಾಗಿರಲಿಲ್ಲ. ಕಡಿಮೆಯಾದದ್ದು ಅವಳ ಪಾಲಿಗೆ ಬರಬಹುದಾಗಿದ್ದ ಆಸ್ತಿ ಮಾತ್ರ.

ಮುಂದೆ ಅಪಘಾತವೊಂದರಲ್ಲಿ ಗಾಯಗೊಂಡ ಮೋಹನನು ಅದೇ ಮನೆಯಲ್ಲಿ ಹಾಸಿಗೆ ಹಿಡಿಯಬೇಕಾಗುತ್ತದೆ. ಇಂದಿರೆ ಒಂದು ಕಟುವಾದ ಮಾತನ್ನೂ ಆಡದೆ ಅವನ ಆರೈಕೆ ಮಾಡುತ್ತಾಳೆ. ತಾನು ಕಳೆದುಕೊಂಡದ್ದು ಎಂಥ ಜೀವವೆಂಬುದು ಮೋಹನನಿಗೆ ಆಗ ಅರಿವಾಗುತ್ತದೆ. ಪಶ್ಚಾತ್ತಾಪದಿಂದ ಬೆಂದು, ತನ್ನನ್ನು ಸ್ವೀಕರಿಸೆಂದು ಬೇಡಿಕೊಳ್ಳುತ್ತಾನೆ. ಇಂದಿರೆ ಒಪ್ಪುವುದಿಲ್ಲ. ತಮ್ಮನನ್ನು ಸಾಕಿ ಬೆಳೆಸುವುದೇ ತನ್ನ ಬಾಳೆಂದು ಅವಳು ನಿರ್ಧರಿಸಿಯಾಗಿರುತ್ತದೆ.

ನಾಯಕ-ನಾಯಿಕೆಯರು ಒಂದಾಗುವುದನ್ನೇ ಬಯಸುವ ಪ್ರೇಕ್ಷಕರಿಗೆ ಈ ಮುಕ್ತಾಯ ಕಹಿಯೆನಿಸಬಹುದು. 'ತಪ್ಪನ್ನು ಒಪ್ಪಿಕೊಂಡವನನ್ನು ಕ್ಷಮಿಸಬಾರದಾಗಿತ್ತೇ?' ಎಂದು ಕೇಳುವವರೂ ಇದ್ದಾರೆ. ನಮ್ಮ ದೃಷ್ಟಿಯಲ್ಲಿ ಇಂದಿರೆ ಮೋಹನನನ್ನು ಕ್ಷಮಿಸಿದ್ದಾಳೆ. ದ್ವೇಷವಿದ್ದವಳು ಅಂಥ ಶುಶ್ರೂಷೆ ಮಾಡಲಾರಳು. ಆದರೆ ಕ್ಷಮೆ ಬೇರೆ, ನಂಬಿಕೆ ಬೇರೆ. ತನ್ನನ್ನು ಒಮ್ಮೆ ತೂಗಿ ನೋಡಿ ಬಿಟ್ಟುಹೋದವನೊಡನೆ ಬಾಳುವೆ ಮಾಡುವ ನಂಬಿಕೆ ಅವಳಲ್ಲಿ ಉಳಿದಿರಲಿಲ್ಲ. ಮೋಹನನ ಪಶ್ಚಾತ್ತಾಪ ನಿಜವಾದದ್ದೇ. ಆದರೂ ಅದರಿಂದ ಕಳೆದುಹೋದದ್ದು ಮರಳಿ ಬರಲಿಲ್ಲ. ಈ ಚಿತ್ರದ ದುಃಖವಿರುವುದು ಇಲ್ಲಿಯೇ.

ವರದಕ್ಷಿಣೆ ನಿಷೇಧ ಕಾಯಿದೆಯು 1961ರಲ್ಲಿಯೇ ಬಂದಿತ್ತು. ಓದಿನ ಖರ್ಚೆಂಬ ಹೆಸರಿನಲ್ಲಿ ಹಣ ಪಡೆಯುವ ಮೋಹನನಂಥವರು ಅದರ ಅನಂತರವೂ ಇದ್ದರೆಂಬುದನ್ನು ಚಿತ್ರವು ಮೆಲುದನಿಯಲ್ಲಿ ಹೇಳುತ್ತದೆ. ಹೆಣ್ಣುಮಕ್ಕಳ ಹಕ್ಕುಗಳೂ ಆ ಬಳಿಕ ಬೆಳೆದಿವೆ. ಪಿತ್ರಾರ್ಜಿತ ಆಸ್ತಿಯಲ್ಲಿ ಮಗನಿಗೆ ಸಮನಾದ ಹಕ್ಕು ಕರ್ನಾಟಕದ ಅವಿವಾಹಿತ ಹೆಣ್ಣುಮಕ್ಕಳಿಗೆ 1994ರಲ್ಲಿ ದೊರೆಯಿತು. 2005ರ ತಿದ್ದುಪಡಿಯಿಂದ ಅದು ದೇಶದ ಎಲ್ಲ ಹಿಂದೂ ಹೆಣ್ಣುಮಕ್ಕಳಿಗೂ ವಿಸ್ತರಿಸಿತು. ಈ ಕಾನೂನುಗಳು ಸ್ವಾಗತಾರ್ಹ. ಆದರೆ ಮಗಳಿಗೆ ಪಾಲು ಬರುವುದೆಂದೇ ಅವಳ ಕೈಹಿಡಿಯಲು ಬರುವ ಮೋಹನನನ್ನು ಯಾವ ಕಾನೂನೂ ಗುರುತಿಸಿಕೊಡಲಾರದು. ಆ ಎಚ್ಚರವು ಮನೆಯವರಿಗೇ ಇರಬೇಕು.

ಬಿಡುವಾದಾಗ ಬೆಳೆದ ಮಕ್ಕಳೊಡನೆ ಕುಳಿತು ಈ ಕಪ್ಪು-ಬಿಳುಪಿನ ಚಿತ್ರವನ್ನು ನೋಡಬೇಕೆಂದು ನಮ್ಮ ಓದುಗರಲ್ಲಿ ವಿನಂತಿಸುತ್ತೇವೆ. ಹೆಣ್ಣುಮಕ್ಕಳು ಇಂದಿರೆಯಿಂದ ಸ್ವಾಭಿಮಾನವನ್ನು ಕಲಿಯಲಿ. ಗಂಡುಮಕ್ಕಳು ಮೋಹನನ ಕಣ್ಣೀರನ್ನು ಕಂಡು, ಅವನು ತಡವಾಗಿ ತಿಳಿದುದನ್ನು ವೇಳೆಗೆ ಮುನ್ನವೇ ತಿಳಿಯಲಿ.