ಆಟಕ್ಕೆ ಎಷ್ಟು ಅಧಿಕಾರ ಕೊಡಬೇಕು?



ಕಂಪ್ಯೂಟರಿನಲ್ಲಿ ಹೊಸದೊಂದು ಆಟವನ್ನು ಹಾಕಿಕೊಂಡಿದ್ದೀರಿ ಎನ್ನೋಣ. ತೆರೆಯಲು ಹೋದರೆ ಅದು ತೆರೆಯುವುದಿಲ್ಲ. ತೆರೆದರೂ ನಿನ್ನೆ ಆಡಿ ನಿಲ್ಲಿಸಿದ ಹಂತ ಇವತ್ತು ಉಳಿದಿರುವುದಿಲ್ಲ. ಗೆಳೆಯರನ್ನು ಕೇಳಿದರೆ ಎಲ್ಲರ ಬಾಯಲ್ಲೂ ಒಂದೇ ಮದ್ದು: "ರೈಟ್ ಕ್ಲಿಕ್ ಮಾಡು, ರನ್ ಆ್ಯಸ್ ಅಡ್ಮಿನಿಸ್ಟ್ರೇಟರ್ ಕೊಡು." ಹಾಗೆ ಮಾಡಿದರೆ ಎಷ್ಟೋ ಸಲ ಆಟ ನಡೆಯುತ್ತದೆ ಕೂಡ. ಆದರೆ ಕಾಯಿಲೆ ಏನಿತ್ತು, ಕೊಟ್ಟ ಮದ್ದು ಯಾವುದು ಎಂದು ಕೇಳುವವರು ಕಡಿಮೆ. ಈ ಲೇಖನದಲ್ಲಿ ಆ ಎರಡು ಪ್ರಶ್ನೆಗಳನ್ನೇ ವಿಚಾರಿಸೋಣ.

ಇದು ಬರಿಯ ಆಟದ ವಿಷಯವಲ್ಲ. ಚನ್ನಗಿರಿ, ಹೊನ್ನಾಳಿ, ನ್ಯಾಮತಿ, ಜಗಳೂರಿನಂಥ ಊರುಗಳ ಅನೇಕ ಮನೆಗಳಲ್ಲಿ ಕಂಪ್ಯೂಟರು ಒಂದು, ಬಳಸುವವರು ನಾಲ್ವರು. ತಮ್ಮ ಆಟವಾಡುವ ಯಂತ್ರದಲ್ಲಿಯೇ ಅಕ್ಕನ ವಿದ್ಯಾರ್ಥಿವೇತನದ ಅರ್ಜಿ ಇರುತ್ತದೆ, ಅಪ್ಪನ ಬ್ಯಾಂಕಿನ ವ್ಯವಹಾರ ಇರುತ್ತದೆ, ಎಲ್ಲರ ಅಂಕಪಟ್ಟಿ ಮತ್ತು ಆಧಾರ್ ಪ್ರತಿಗಳಿರುತ್ತವೆ. ಆಟಕ್ಕೆಂದು ಒತ್ತಿದ ಒಂದು 'ಯೆಸ್' ಇವೆಲ್ಲಕ್ಕೂ ಸಂಬಂಧಿಸಿದ್ದು.

ಸ್ವಂತ ಹೊಲ ಮತ್ತು ದಾಖಲೆ ಕೊಠಡಿ

ವಿಂಡೋಸ್ ತನ್ನೊಳಗಿನ ಜಾಗವನ್ನು ಸ್ಥೂಲವಾಗಿ ಎರಡು ಬಗೆಯಾಗಿ ವಿಂಗಡಿಸುತ್ತದೆ. ಮೊದಲನೆಯದು ನಿಮ್ಮ ಸ್ವಂತ ಜಾಗ. ಡಾಕ್ಯುಮೆಂಟ್ಸ್, ಡೌನ್‌ಲೋಡ್ಸ್, ಡೆಸ್ಕ್‌ಟಾಪ್ ಮುಂತಾದ ಫೋಲ್ಡರುಗಳು ಇದಕ್ಕೆ ಸೇರುತ್ತವೆ. ಇಲ್ಲಿ ನೀವು ಬರೆಯಬಹುದು, ಅಳಿಸಬಹುದು. ಯಾರ ಅಪ್ಪಣೆಯೂ ಬೇಡ. ಎರಡನೆಯದು ಎಲ್ಲರಿಗೂ ಸೇರಿದ ಜಾಗ. ವಿಂಡೋಸ್ ಫೋಲ್ಡರ್, ಪ್ರೋಗ್ರಾಂ ಫೈಲ್ಸ್ ಫೋಲ್ಡರ್, ಇಡೀ ಯಂತ್ರದ ಸೆಟ್ಟಿಂಗುಗಳನ್ನು ಬರೆದಿಟ್ಟಿರುವ ರಿಜಿಸ್ಟ್ರಿಯ ಭಾಗ, ಇವು ಅಂಥವು. ಇವನ್ನು ಬಳಸಲು ಅಡ್ಡಿಯಿಲ್ಲ. ತಿದ್ದಬೇಕಾದರೆ ಮಾತ್ರ ಅಡ್ಮಿನಿಸ್ಟ್ರೇಟರ್, ಅಂದರೆ ಆಡಳಿತಗಾರನ, ಅಧಿಕಾರ ಬೇಕು.

ತಾಲ್ಲೂಕು ಕಚೇರಿಯನ್ನು ನೆನಪಿಸಿಕೊಳ್ಳಿ. ರೈತನೊಬ್ಬ ತನ್ನ ಹೊಲದಲ್ಲಿ ಮೆಕ್ಕೆಜೋಳವನ್ನಾದರೂ ಬಿತ್ತಬಹುದು, ಅಡಿಕೆಯನ್ನಾದರೂ ನೆಡಬಹುದು. ಆದರೆ ಪಹಣಿಯಲ್ಲಿ ಒಂದು ಅಕ್ಷರವನ್ನು ತಾನಾಗಿಯೇ ತಿದ್ದುವಂತಿಲ್ಲ. ಅದಕ್ಕೆ ಅರ್ಜಿ ಬೇಕು, ಅಧಿಕಾರಿಯ ಆದೇಶ ಬೇಕು. ಕಂಪ್ಯೂಟರಿನಲ್ಲಿಯೂ ವ್ಯವಸ್ಥೆ ಇದೇ. ಪರದೆ ಮಂಕಾಗಿ, "ಈ ಪ್ರೋಗ್ರಾಂ ನಿಮ್ಮ ಯಂತ್ರದಲ್ಲಿ ಬದಲಾವಣೆ ಮಾಡಲು ಬಿಡುವಿರಾ?" ಎಂಬ ಅರ್ಥದ ಪ್ರಶ್ನೆ ಮೂಡುತ್ತದಲ್ಲ, ಅದೇ ಅರ್ಜಿ. ನೀವು ಒತ್ತುವ 'ಯೆಸ್' ಎಂಬುದೇ ಆದೇಶ.

ಒಂದು ವ್ಯತ್ಯಾಸವನ್ನು ಗಮನಿಸಿ. 2017ರಲ್ಲಿ ಸರ್ಕಾರ ಘೋಷಿಸಿದ ಹೊಸ ತಾಲ್ಲೂಕುಗಳಲ್ಲಿ ನ್ಯಾಮತಿಯೂ ಒಂದು. ಅದಕ್ಕೆ ಮೊದಲು ಅದು ಹೊನ್ನಾಳಿ ತಾಲ್ಲೂಕಿಗೆ ಸೇರಿತ್ತು. ಈಗ ಹೊನ್ನಾಳಿ ತಹಸೀಲ್ದಾರರ ಅಧಿಕಾರ ನ್ಯಾಮತಿಯ ಗಡಿಯಲ್ಲಿ ನಿಲ್ಲುತ್ತದೆ. ಕಂಪ್ಯೂಟರಿನ ಆಡಳಿತಗಾರನಿಗೆ ಇಂಥ ಗಡಿಯಿಲ್ಲ. ಆಟವನ್ನು ಆಡಳಿತಗಾರನ ಅಧಿಕಾರದಿಂದ ನಡೆಸಿದಿರಿ ಎಂದರೆ, "ನಿನ್ನ ಫೋಲ್ಡರಿನಲ್ಲಿ ಮಾತ್ರ ಬರೆದುಕೋ" ಎಂದು ಹೇಳಿದಂತಲ್ಲ; ಇಡೀ ಯಂತ್ರವನ್ನು ಅದರ ಕೈಗೆ ಒಪ್ಪಿಸಿದಂತೆ. ಅದು ಬೇರೆಯವರ ಫೋಲ್ಡರುಗಳನ್ನು ತೆರೆಯಬಹುದು, ಯಂತ್ರ ಚಾಲೂ ಆದಾಗಲೆಲ್ಲ ತಾನೂ ಏಳುವಂತೆ ನೆಲೆಯೂರಬಹುದು, "ಈ ಫೋಲ್ಡರನ್ನು ಪರೀಕ್ಷಿಸಬೇಡ" ಎಂದು ಆಂಟಿವೈರಸ್‌ಗೆ ವಿನಾಯಿತಿ ಬರೆಸಬಹುದು. ಅದು ಎಬ್ಬಿಸುವ ಇತರ ಪ್ರೋಗ್ರಾಂಗಳಿಗೂ ಸಾಮಾನ್ಯವಾಗಿ ಅದೇ ಅಧಿಕಾರ ಹರಿದುಹೋಗುತ್ತದೆ.

ಹಳೆಯ ಆಟಗಳು ಈ ಅಧಿಕಾರ ಕೇಳುವುದೇಕೆ?

ಇದಕ್ಕೆ ಸ್ವಲ್ಪ ಇತಿಹಾಸ ಬೇಕು. 1995ರ ವಿಂಡೋಸ್ 95 ಮತ್ತು 1998ರ ವಿಂಡೋಸ್ 98ರಲ್ಲಿ ಇಂಥ ಬೀಗಗಳೇ ಇರಲಿಲ್ಲ. ಯಾವ ಪ್ರೋಗ್ರಾಂ ಬೇಕಾದರೂ ಎಲ್ಲಿ ಬೇಕಾದರೂ ಬರೆಯಬಹುದಿತ್ತು. ಕಚೇರಿಗಳಿಗೆಂದು 1993ರಲ್ಲಿ ಬಂದ ವಿಂಡೋಸ್ ಎನ್‌ಟಿ ಬಳಗದಲ್ಲಿ ಬೀಗಗಳಿದ್ದವು. 2001ರಲ್ಲಿ ವಿಂಡೋಸ್ ಎಕ್ಸ್‌ಪಿ ಆ ಬೀಗಗಳನ್ನು ಮನೆಗಳಿಗೂ ತಂದಿತು. ಆದರೆ ಮನೆಯವರ ಖಾತೆಗಳೆಲ್ಲ ಸಾಮಾನ್ಯವಾಗಿ ಆಡಳಿತಗಾರನ ಖಾತೆಗಳೇ ಆಗಿದ್ದವು. ಬೀಗ ಹಾಕಿ, ಎಲ್ಲರ ಕೈಗೂ ಕೀಲಿ ಕೊಟ್ಟಂತಾಯಿತು. ಆ ಕಾಲದ ಆಟಗಳನ್ನು ಬರೆದವರು ಆಡಿದ ಹಂತವನ್ನೂ ಅಂಕಗಳನ್ನೂ ಆಟದ ಸ್ವಂತ ಫೋಲ್ಡರಿನಲ್ಲಿ, ಅಂದರೆ ಪ್ರೋಗ್ರಾಂ ಫೈಲ್ಸ್ ಒಳಗೆ, ಬರೆದಿಡುವ ರೂಢಿ ಬೆಳೆಸಿಕೊಂಡರು.

2007ರಲ್ಲಿ ಮನೆಬಳಕೆಗೆ ಬಂದ ವಿಂಡೋಸ್ ವಿಸ್ಟಾ ಈ ಪದ್ಧತಿಯನ್ನು ಬದಲಾಯಿಸಿತು. ಆಡಳಿತಗಾರನೇ ಒಳಬಂದರೂ ವಿಂಡೋಸ್ ಅವನಿಗೆ ಎರಡು ಗುರುತುಚೀಟಿಗಳನ್ನು ಸಿದ್ಧಪಡಿಸುತ್ತದೆ: ಒಂದು ಸಾಮಾನ್ಯರದು, ಇನ್ನೊಂದು ಪೂರ್ಣಾಧಿಕಾರದ್ದು. ದಿನನಿತ್ಯದ ಕೆಲಸವೆಲ್ಲ ಮೊದಲನೆಯ ಚೀಟಿಯಲ್ಲಿ ನಡೆಯುತ್ತದೆ. ನೀವು ಒಪ್ಪಿದಾಗ ಮಾತ್ರ ಆ ಪ್ರೋಗ್ರಾಂಗೆ ಎರಡನೆಯದು ಸಿಗುತ್ತದೆ. ಹಳೆಯ ಆಟಗಳು ಕಂಗೆಟ್ಟಿದ್ದು ಇಲ್ಲಿಯೇ. ಅವಕ್ಕೆ ಬೇಕಿದ್ದುದು ಹೆಚ್ಚಿನ ಅಧಿಕಾರವಲ್ಲ, ಬರೆದುಕೊಳ್ಳಲು ಒಂದು ಜಾಗ, ಅಷ್ಟೆ.

ಹಳೆಯ ಪ್ರೋಗ್ರಾಂಗಳು ಪೂರ್ತಿ ನಿಂತುಹೋಗಬಾರದೆಂದು ವಿಂಡೋಸ್ ಒಂದು ಉಪಾಯ ಮಾಡಿತು. ಹಳೆಯ 32 ಬಿಟ್ ಆಟವೊಂದು ಪ್ರೋಗ್ರಾಂ ಫೈಲ್ಸ್‌ನಲ್ಲಿ ಬರೆಯಲು ಹೋದರೆ, ಅದಕ್ಕೆ ತಿಳಿಯದಂತೆ ಆ ಬರಹವನ್ನು ನಿಮ್ಮ ಸ್ವಂತ ಜಾಗದಲ್ಲಿರುವ ವರ್ಚುವಲ್ ಸ್ಟೋರ್ ಎಂಬ ಫೋಲ್ಡರಿಗೆ ತಿರುಗಿಸುತ್ತದೆ. ಆಟ ಅಲ್ಲಿಂದಲೇ ಓದಿಕೊಳ್ಳುತ್ತದೆ. ಆದರೆ ಆಡಳಿತಗಾರನ ಅಧಿಕಾರದಿಂದ ನಡೆಯುವ ಪ್ರೋಗ್ರಾಂಗೆ ಈ ತಿರುವು ಇಲ್ಲ. ಹಾಗಾಗಿ ತಿಂಗಳುಗಟ್ಟಲೆ ಸಾಮಾನ್ಯವಾಗಿ ಆಡಿ, ಒಂದು ದಿನ ಇದ್ದಕ್ಕಿದ್ದಂತೆ ಅಡ್ಮಿನಿಸ್ಟ್ರೇಟರ್ ಆಗಿ ತೆರೆದರೆ ಉಳಿಸಿದ ಆಟಗಳೆಲ್ಲ ಮಾಯವಾದಂತೆ ಕಾಣಬಹುದು. ಅವು ಹೋಗಿಲ್ಲ, ಆಟ ಈಗ ಬೇರೆ ಕಡೆ ಹುಡುಕುತ್ತಿದೆ.

ಅಧಿಕಾರ ಕೊಟ್ಟರೆ ಆಟ ವೇಗವಾಗುತ್ತದೆಯೇ?

ಆಗುವುದಿಲ್ಲ. ಅಧಿಕಾರ ಬೇರೆ, ಶಕ್ತಿ ಬೇರೆ. ಪ್ರೊಸೆಸರಿನ ವೇಗವಾಗಲಿ ಮೆಮೊರಿಯಾಗಲಿ ಗ್ರಾಫಿಕ್ಸ್ ಕಾರ್ಡಿನ ಬಲವಾಗಲಿ ಒಂದು 'ಯೆಸ್' ಒತ್ತಿದ್ದರಿಂದ ಹೆಚ್ಚುವುದಿಲ್ಲ. ಅಪವಾದವಾಗಿ, ಪರದೆಯನ್ನು ಚಿತ್ರೀಕರಿಸುವ ಓಬಿಎಸ್ ಎಂಬ ಪ್ರೋಗ್ರಾಂ ಆ ಅಧಿಕಾರ ಇದ್ದಾಗ ಗ್ರಾಫಿಕ್ಸ್ ಕಾರ್ಡಿನ ಬಳಿ ತನಗೆ ಆದ್ಯತೆ ಕೇಳಿಕೊಳ್ಳಬಲ್ಲದು. ಕಾರ್ಡು ಪೂರ್ತಿ ದುಡಿಯುತ್ತಿರುವಾಗ ಚಿತ್ರೀಕರಣ ತಡವರಿಸದಿರಲು ಇದು ನೆರವಾಗುತ್ತದೆ. ಇಲ್ಲಿ ಕಾರಣ ಸ್ಪಷ್ಟವಾಗಿದೆ. ಕಾರಣ ಹೇಳಲಾಗದ ಕಡೆ ಅಧಿಕಾರ ಕೊಡುವುದರಿಂದ ಲಾಭವಿಲ್ಲ.

ಕೆಲವೊಮ್ಮೆ ತೊಂದರೆಯೇ ಹೆಚ್ಚುತ್ತದೆ. ಕಡಿಮೆ ಅಧಿಕಾರದ ಪ್ರೋಗ್ರಾಂ ಹೆಚ್ಚು ಅಧಿಕಾರದ ಪ್ರೋಗ್ರಾಂನ ವ್ಯವಹಾರದಲ್ಲಿ ಕೈಹಾಕದಂತೆ ವಿಂಡೋಸ್ ತಡೆಯುತ್ತದೆ. ಆಟ ಅಡ್ಮಿನಿಸ್ಟ್ರೇಟರ್ ಆಗಿದ್ದು, ಗೆಳೆಯರೊಡನೆ ಮಾತನಾಡಲು ಬಳಸುವ ಡಿಸ್ಕಾರ್ಡ್ ಸಾಮಾನ್ಯವಾಗಿದ್ದರೆ, ಮಾತಿಗೆಂದು ಗೊತ್ತುಮಾಡಿದ ಗುಂಡಿಯನ್ನು ಆಟದ ನಡುವೆ ಒತ್ತಿದರೂ ಅದಕ್ಕೆ ಕೇಳಿಸುವುದಿಲ್ಲ. ಆಗ ಅದಕ್ಕೂ ಅದೇ ಅಧಿಕಾರ ಕೊಡಿ ಎಂಬ ಸಲಹೆ ಬರುತ್ತದೆ. ಹೀಗೆ ಒಂದರಿಂದ ಇನ್ನೊಂದಕ್ಕೆ ಅಧಿಕಾರ ಹಬ್ಬುತ್ತಾ ಹೋಗುತ್ತದೆ. ಮೊದಲನೆಯದರಿಂದ ಹಿಂದಕ್ಕೆ ಪಡೆಯುವುದೇ ಸರಿಯಾದ ದಾರಿ.

ಗದ್ದೆಯ ಬದು, ಕೆರೆಯ ಏರಿ

ಆಡಳಿತಗಾರನ ಅಧಿಕಾರಕ್ಕಿಂತಲೂ ಆಳವಾದ ಒಂದು ಸ್ತರವಿದೆ. ಅದು ಕರ್ನೆಲ್, ಅಂದರೆ ವಿಂಡೋಸಿನ ತಿರುಳು. ಚನ್ನಗಿರಿ ತಾಲ್ಲೂಕಿನ ಸೂಳೆಕೆರೆ, ಅಂದರೆ ಶಾಂತಿಸಾಗರ, ನಿಮಗೆ ಗೊತ್ತೇ ಇದೆ. ಅದರ ಕೆಳಗಿನ ಒಂದು ಗದ್ದೆಯ ಬದು ಒಡೆದರೆ ಆ ಗದ್ದೆಗಷ್ಟೇ ನಷ್ಟ. ಕೆರೆಯ ಏರಿಯೇ ಒಡೆದರೆ? ಸಾಮಾನ್ಯ ಪ್ರೋಗ್ರಾಂ ಕೆಟ್ಟರೆ ಅದೊಂದೇ ಮುಚ್ಚಿಕೊಳ್ಳುತ್ತದೆ. ಕರ್ನೆಲ್‌ನಲ್ಲಿ ನಡೆಯುವ ಡ್ರೈವರ್ ಕೆಟ್ಟರೆ ಇಡೀ ಯಂತ್ರವೇ ನಿಲ್ಲಬಹುದು. 2024ರ ಜುಲೈ 19ರಂದು ಕ್ರೌಡ್‌ಸ್ಟ್ರೈಕ್ ಎಂಬ ರಕ್ಷಣಾ ತಂತ್ರಾಂಶದ ದೋಷಪೂರಿತ ಅಪ್‌ಡೇಟ್ ಒಂದರಿಂದ ಸುಮಾರು 85 ಲಕ್ಷ ವಿಂಡೋಸ್ ಯಂತ್ರಗಳು ಬಾಧಿತವಾದವೆಂದು ಮೈಕ್ರೋಸಾಫ್ಟ್ ಅಂದಾಜು ಮಾಡಿತು. ಬೆಂಗಳೂರಿನ ಕೆಂಪೇಗೌಡ ವಿಮಾನ ನಿಲ್ದಾಣದಲ್ಲಿಯೂ ಅಂದು ಪ್ರಯಾಣಿಕರು ಕಾಯಬೇಕಾಯಿತು. ತಪ್ಪು ಚಿಕ್ಕದು, ಅದು ಇದ್ದ ಜಾಗ ಏರಿಯಂಥದು.

ಆಟಕ್ಕೂ ಕರ್ನೆಲ್‌ಗೂ ಏನು ಸಂಬಂಧ? ಮೋಸದಾಟ ತಡೆಯಲು ಕೆಲವು ಆನ್‌ಲೈನ್ ಆಟಗಳು ತಮ್ಮದೇ ಕಾವಲು ಡ್ರೈವರನ್ನು ಕರ್ನೆಲ್‌ಗೆ ಇಳಿಸುತ್ತವೆ. 2020ರಲ್ಲಿ ವ್ಯಾಲರಂಟ್ ಆಟದೊಡನೆ ಬಂದ ವ್ಯಾನ್‌ಗಾರ್ಡ್ ಅಂಥದೊಂದು. ಇವುಗಳ ಉದ್ದೇಶ ನ್ಯಾಯವಾದದ್ದೇ. ಆದರೂ ಅಪಾಯವಿದೆ. ಗೆನ್‌ಶಿನ್ ಇಂಪ್ಯಾಕ್ಟ್ ಆಟದ ಇಂಥ ಡ್ರೈವರನ್ನೇ ಬಳಸಿ ದುಷ್ಕರ್ಮಿಗಳು ಆಂಟಿವೈರಸ್ಸನ್ನು ನಿಲ್ಲಿಸಿ, ಒತ್ತೆಹಣ ಕೇಳುವ ರ‍್ಯಾನ್ಸಮ್‌ವೇರ್ ಹರಡಿದ ಪ್ರಕರಣವನ್ನು ಟ್ರೆಂಡ್ ಮೈಕ್ರೋ ಸಂಸ್ಥೆ 2022ರ ಆಗಸ್ಟ್‌ನಲ್ಲಿ ವರದಿ ಮಾಡಿತು. ಅದಕ್ಕೆ ಆ ಯಂತ್ರದಲ್ಲಿ ಆಟ ಇರಲೇಬೇಕಾಗಿರಲಿಲ್ಲ. ಡ್ರೈವರನ್ನು ಅವರೇ ಹೊತ್ತು ತಂದಿದ್ದರು. ಡ್ರೈವರನ್ನು ಒಳಗೆ ಸೇರಿಸಲು ಬೇಕಾದ ಕೀಲಿ ಯಾವುದು ಗೊತ್ತೇ? ಅದೇ ಆಡಳಿತಗಾರನ ಅಧಿಕಾರ.

ಈಗ ಯೋಚಿಸಿ. ಪುಕ್ಕಟೆ ಸಿಗುವ ಕ್ರ್ಯಾಕ್ ಮಾಡಿದ ಆಟ, ಆಟದಲ್ಲಿ ಮುಗಿಯದ ಜೀವ ಕೊಡುವ ಚೀಟ್ ಪ್ರೋಗ್ರಾಂ, ಇವುಗಳ ಜೊತೆಗೆ ಬರುವ ಸೂಚನೆ ಸಾಮಾನ್ಯವಾಗಿ ಹೀಗಿರುತ್ತದೆ: "ಮೊದಲು ಆಂಟಿವೈರಸ್ ನಿಲ್ಲಿಸಿ, ಆಮೇಲೆ ಅಡ್ಮಿನಿಸ್ಟ್ರೇಟರ್ ಆಗಿ ತೆರೆಯಿರಿ." ಕಾವಲುಗಾರನನ್ನು ಮನೆಗೆ ಕಳಿಸಿ, ಕೀಲಿಗೊಂಚಲನ್ನು ನಮ್ಮ ಕೈಗೆ ಕೊಡಿ ಎಂದಂತಾಯಿತಲ್ಲವೇ?

ಹಾಗಾದರೆ ಮಾಡಬೇಕಾದದ್ದೇನು?

ಆಟ ನಡೆಯದಿದ್ದಾಗ ಈ ಕ್ರಮದಲ್ಲಿ ಪರೀಕ್ಷಿಸಿ.

1. ಹಳೆಯ ಆಟವಾಗಿದ್ದರೆ ಪ್ರೋಗ್ರಾಂ ಫೈಲ್ಸ್‌ನಲ್ಲಿ ಹಾಕದೆ, ನಿಮ್ಮ ಸ್ವಂತ ಜಾಗದಲ್ಲಿ 'ಆಟಗಳು' ಎಂಬ ಫೋಲ್ಡರ್ ಮಾಡಿ ಅಲ್ಲಿ ಹಾಕಿ. ಬರೆಯಲು ಜಾಗ ಸಿಕ್ಕರೆ ಎಷ್ಟೋ ಆಟಗಳು ಅಧಿಕಾರ ಕೇಳುವುದಿಲ್ಲ.

2. ಉಳಿಸಿದ ಆಟ ಡಾಕ್ಯುಮೆಂಟ್ಸ್‌ನಲ್ಲಿ ನಿಲ್ಲದಿದ್ದರೆ, ವಿಂಡೋಸ್ ಸೆಕ್ಯುರಿಟಿಯಲ್ಲಿ 'ಕಂಟ್ರೋಲ್ಡ್ ಫೋಲ್ಡರ್ ಆ್ಯಕ್ಸೆಸ್' ಚಾಲೂ ಇದೆಯೇ ನೋಡಿ. ಇದ್ದರೆ ಆ ಒಂದು ಆಟಕ್ಕೆ ಮಾತ್ರ ಅನುಮತಿ ಕೊಡಿ.

3. ಆಟವನ್ನು ಮೊದಲ ಸಲ ಸ್ಥಾಪಿಸುವಾಗ, ಗ್ರಾಫಿಕ್ಸ್ ಡ್ರೈವರ್ ಹಾಕುವಾಗ ಅಧಿಕಾರ ಕೇಳುವುದು ಸಹಜ. ಅದು ಒಂದು ಸಲದ ಕೆಲಸ. ಆದರೆ ಪ್ರೋಗ್ರಾಂ ತಯಾರಕರ ಸ್ವಂತ ತಾಣದಿಂದ ಬಂದಿರಬೇಕು. ಅನುಮತಿ ಕೇಳುವ ಕಿಟಕಿಯಲ್ಲಿ ಪ್ರಕಾಶಕರ ಹೆಸರನ್ನು ಓದಿ. ಯಾರೆಂದು ಖಚಿತವಿಲ್ಲದಿದ್ದರೆ ಕಿಟಕಿಯ ಮೇಲುಪಟ್ಟಿ ಹಳದಿಯಾಗಿರುತ್ತದೆ.

4. ಪ್ರಾಪರ್ಟೀಸ್‌ನ ಕಂಪ್ಯಾಟಿಬಿಲಿಟಿ ಪುಟದಲ್ಲಿ 'ಯಾವಾಗಲೂ ಅಡ್ಮಿನಿಸ್ಟ್ರೇಟರ್ ಆಗಿ ನಡೆಸು' ಎಂಬರ್ಥದ ಗುರುತು ಹಿಂದೆಂದೋ ಹಾಕಿದ್ದರೆ ತೆಗೆದು ನೋಡಿ. ಆಟ ನಡೆದರೆ ಅದು ಬೇಕಿರಲಿಲ್ಲ ಎಂದರ್ಥ.

5. ಮನೆಯಲ್ಲಿ ಹಿರಿಯರ ಹೆಸರಿನಲ್ಲಿ ಒಂದು ಆಡಳಿತಗಾರ ಖಾತೆ, ಉಳಿದವರಿಗೆ ಸಾಮಾನ್ಯ ಖಾತೆಗಳು ಇರಲಿ. ಆಗ ಬರಿಯ 'ಯೆಸ್' ಸಾಲದು, ಪಾಸ್‌ವರ್ಡ್ ಬೇಕಾಗುತ್ತದೆ.

ಒಂದು ಎಚ್ಚರಿಕೆಯ ಮಾತು. ಅಧಿಕಾರ ಕೊಡಲಿಲ್ಲ, ಇನ್ನು ಭಯವಿಲ್ಲ ಎಂದುಕೊಳ್ಳಬೇಡಿ. ಕೆಟ್ಟ ಪ್ರೋಗ್ರಾಂ ಸಾಮಾನ್ಯ ಚೀಟಿಯಲ್ಲಿಯೇ ನಿಮ್ಮ ಸ್ವಂತ ಕಡತಗಳನ್ನು ಓದಬಲ್ಲದು, ಬೀಗ ಹಾಕಬಲ್ಲದು, ಕದಿಯಬಲ್ಲದು. ಅಧಿಕಾರ ಕೊಡದಿದ್ದರೆ ಹಾನಿಯ ವ್ಯಾಪ್ತಿ ಕಡಿಮೆಯಾಗುತ್ತದೆ. ಅಪರಿಚಿತ ಪ್ರೋಗ್ರಾಂ ಒಳ್ಳೆಯದಾಗುವುದಿಲ್ಲ. ಆದ್ದರಿಂದ ಮುಖ್ಯ ಕಡತಗಳ ಒಂದು ಪ್ರತಿ ಪೆನ್‌ಡ್ರೈವಿನಲ್ಲಿ ಬೇರೆಯಾಗಿಯೇ ಇರಲಿ.

ಮಾಡಿ ನೋಡಿ

ಕಾಲೇಜಿನ ಪ್ರಯೋಗಾಲಯವಾದರೆ ಉಪನ್ಯಾಸಕರ ಒಪ್ಪಿಗೆ ಪಡೆದು ಮಾಡಿ. ನೋಟ್‌ಪ್ಯಾಡ್ ತೆರೆದು ನಿಮ್ಮ ಊರಿನ ಹೆಸರು ಬರೆಯಿರಿ. ಅದನ್ನು ಪ್ರೋಗ್ರಾಂ ಫೈಲ್ಸ್ ಫೋಲ್ಡರಿನಲ್ಲಿ ಉಳಿಸಲು ಯತ್ನಿಸಿ, ವಿಂಡೋಸ್ ಒಪ್ಪುವುದಿಲ್ಲ. ಡಾಕ್ಯುಮೆಂಟ್ಸ್‌ನಲ್ಲಿ ಉಳಿಸಿ, ತಕರಾರಿಲ್ಲ. ಅನಂತರ ಟಾಸ್ಕ್ ಮ್ಯಾನೇಜರ್‌ನ ಡೀಟೇಲ್ಸ್ ಪುಟದಲ್ಲಿ ಅಂಕಣಗಳ ತಲೆಯ ಮೇಲೆ ರೈಟ್ ಕ್ಲಿಕ್ ಮಾಡಿ 'ಎಲಿವೇಟೆಡ್' ಎಂಬ ಅಂಕಣ ಸೇರಿಸಿ. ಯಾವ ಪ್ರೋಗ್ರಾಂ ಹೆಚ್ಚಿನ ಅಧಿಕಾರದಲ್ಲಿ ನಡೆಯುತ್ತಿದೆ ಎಂಬುದು ಅಲ್ಲಿ ಕಾಣುತ್ತದೆ. ನಿಮ್ಮ ಆಟದ ಮುಂದೆ 'ಯೆಸ್' ಎಂದಿದ್ದರೆ, ಅದಕ್ಕೆ ಕಾರಣ ಹುಡುಕಿ.

ಪ್ರತಿ ಪ್ರೋಗ್ರಾಂಗೂ ಅದರ ಕೆಲಸಕ್ಕೆ ಬೇಕಾದಷ್ಟೇ ಅಧಿಕಾರವಿರಬೇಕು ಎಂಬುದನ್ನು ಅಮೆರಿಕದ ಜೆರೋಮ್ ಸಾಲ್ಟ್ಜರ್ ಮತ್ತು ಮೈಕೆಲ್ ಶ್ರೋಡರ್ 1975ರಲ್ಲಿ ಕಂಪ್ಯೂಟರ್ ರಕ್ಷಣೆಯ ಮೂಲಸೂತ್ರಗಳಲ್ಲಿ ಒಂದಾಗಿ ಬರೆದರು. ಇದಕ್ಕೆ ಕನಿಷ್ಠ ಅಧಿಕಾರದ ತತ್ತ್ವ ಎನ್ನಬಹುದು. ಮುಂದಿನ ಸಲ ಪರದೆ ಮಂಕಾಗಿ ಆ ಪ್ರಶ್ನೆ ಮೂಡಿದಾಗ ಎರಡೇ ಕ್ಷಣ ನಿಲ್ಲಿ: ಕೇಳುತ್ತಿರುವವರು ಯಾರು? ಈ ಕೆಲಸಕ್ಕೆ ಅದು ಬೇಕೇ? ಎರಡಕ್ಕೂ ಉತ್ತರ ಗೊತ್ತಿದ್ದರೆ 'ಯೆಸ್' ಒತ್ತಿ. ಗೊತ್ತಿಲ್ಲದಿದ್ದರೆ 'ನೋ' ಒತ್ತಿ, ತಿಳಿದವರನ್ನು ಕೇಳಿ. ಆಟ ನಾಳೆಗೂ ಕಾಯುತ್ತದೆ.