ಕುದುರೆಗೆ ಹೆದರುತ್ತಿದ್ದ ಅಶ್ವದಳಪತಿ

1863ರ ಮೇ 2. ಅಮೆರಿಕದ ಲೂಸಿಯಾನ ರಾಜ್ಯದಲ್ಲಿ, ಬ್ಯಾಟನ್ ರೂಜ್ ಪಟ್ಟಣಕ್ಕೆ ಕೆಲವೇ ಮೈಲಿ ಇರುವಾಗ, ಒಂದು ತೋಟದ ಮನೆ. ಹೊರಗೆ ನೂರಾರು ಕುದುರೆ ಸವಾರರು ಬಿದ್ದಲ್ಲೇ ನಿದ್ದೆ ಹೋಗಿದ್ದಾರೆ. ಮನೆಯ ನಡುಕೋಣೆಯಿಂದ ಪಿಯಾನೊ ನಾದ ಕೇಳಿಬರುತ್ತಿದೆ. ನುಡಿಸುತ್ತಿರುವವನು ಧೂಳು ಮೆತ್ತಿದ ಸಮವಸ್ತ್ರದ, ಉದ್ದ ಗಡ್ಡದ ಕರ್ನಲ್. ಮನೆಯವರು ಬೆರಗಾಗಿ ನೋಡುತ್ತಿದ್ದಾರೆ. ಅವನಿಗೆ ಸಂಗೀತದ ಹುಚ್ಚು ಇದ್ದದ್ದು ನಿಜ. ಆದರೆ ಅಂದು ಪಿಯಾನೊ ಮುಂದೆ ಕುಳಿತದ್ದು ನಿದ್ದೆಯನ್ನು ದೂರವಿಡಲು. ಎಲ್ಲರೂ ಮಲಗಿದರೆ ಕಾಯುವವರು ಯಾರು?

ಆತನ ಹೆಸರು ಬೆಂಜಮಿನ್ ಹೆನ್ರಿ ಗ್ರಿಯರ್ಸನ್. ಹದಿನಾರು ದಿನ ಶತ್ರುವಿನ ನಾಡಿನ ನಡುವೆ ಆರುನೂರು ಮೈಲಿ ಕುದುರೆ ಓಡಿಸಿ ಬಂದಿದ್ದ ಈ ಮನುಷ್ಯನಿಗೆ ಕುದುರೆ ಕಂಡರೆ ಆಗುತ್ತಿರಲಿಲ್ಲ.

ಮುಖಕ್ಕೆ ಬಿದ್ದ ಒದೆ

ಗ್ರಿಯರ್ಸನ್ ಹುಟ್ಟಿದ್ದು 1826ರಲ್ಲಿ, ಪೆನ್ಸಿಲ್ವೇನಿಯದ ಪಿಟ್ಸ್‌ಬರ್ಗ್‌ನಲ್ಲಿ. ಬೆಳೆದದ್ದು ಒಹಾಯೊ ರಾಜ್ಯದ ಯಂಗ್ಸ್‌ಟೌನ್‌ನಲ್ಲಿ. ಎಂಟು ವರ್ಷದ ಹುಡುಗನಾಗಿದ್ದಾಗ ಕುದುರೆಯೊಂದು ಅವನ ಮುಖಕ್ಕೆ ಒದೆಯಿತು. ಕೆಲಕಾಲ ಕಣ್ಣೇ ಕಾಣದಂತಾಯಿತು. ಕಣ್ಣು ಮರಳಿ ಬಂತು. ಕೆನ್ನೆಯ ಮೇಲಿನ ಗಾಯದ ಗುರುತೂ ಕುದುರೆಯ ಭಯವೂ ಉಳಿದವು.

ದೊಡ್ಡವನಾದ ಮೇಲೆ ಇಲಿನಾಯ್ ರಾಜ್ಯದ ಜ್ಯಾಕ್ಸನ್‌ವಿಲ್‌ನಲ್ಲಿ ಸಂಗೀತ ಪಾಠ ಹೇಳಿ, ಬ್ಯಾಂಡ್ ನಡೆಸಿ ಜೀವನ ಸಾಗಿಸಿದ. 1854ರಲ್ಲಿ ಆಲಿಸ್ ಕರ್ಕ್ ಎಂಬಾಕೆಯನ್ನು ಮದುವೆಯಾದ. ಅಂಗಡಿ ವ್ಯಾಪಾರಕ್ಕೆ ಕೈ ಹಾಕಿ ಸೋತು ಸಾಲಗಾರನಾದ. ಗುಲಾಮಗಿರಿಯ ಕಟ್ಟಾ ವಿರೋಧಿ, ಅಬ್ರಹಾಂ ಲಿಂಕನ್‌ನ ಬೆಂಬಲಿಗ. 1861ರಲ್ಲಿ ದಕ್ಷಿಣದ ಗುಲಾಮಗಿರಿಯ ರಾಜ್ಯಗಳು ಒಕ್ಕೂಟದಿಂದ ಸಿಡಿದು ಅಂತರ್ಯುದ್ಧ ಆರಂಭವಾದಾಗ ಉತ್ತರದ ಸೈನ್ಯ ಸೇರಿದ. ಸೇನಾ ಶಾಲೆಯ ಮೆಟ್ಟಿಲನ್ನೇ ಹತ್ತದವನನ್ನು, ಅವನಿಗಿಷ್ಟವಿಲ್ಲದಿದ್ದರೂ, ಆರನೇ ಇಲಿನಾಯ್ ಅಶ್ವದಳಕ್ಕೆ ಮೇಜರ್ ಆಗಿ ನೇಮಿಸಲಾಯಿತು. ಬೇರೆ ದಾರಿ ಕಾಣದೆ ಕುದುರೆ ಹತ್ತಿದ. ಮರುವರ್ಷವೇ ಅದೇ ದಳಕ್ಕೆ ಕರ್ನಲ್ ಆದ.

ಹದಿನಾರು ದಿನಗಳ ಓಟ

1863ರ ವಸಂತದಲ್ಲಿ ಉತ್ತರದ ಸೇನಾನಿ ಯುಲಿಸಿಸ್ ಗ್ರಾಂಟ್ ಒಂದು ಗಂಟಿಗೆ ಸಿಕ್ಕಿಬಿದ್ದಿದ್ದ. ಮಿಸಿಸಿಪಿ ನದಿಯ ದಂಡೆಯ ಎತ್ತರದ ಮೇಲಿದ್ದ ವಿಕ್ಸ್‌ಬರ್ಗ್ ಕೋಟೆ ಕೈವಶವಾಗದ ಹೊರತು ನದಿಯ ಸಂಚಾರ ಉತ್ತರದವರ ಪಾಲಿಗಿಲ್ಲ. ಅದನ್ನು ಹಿಡಿಯಬೇಕಾದರೆ ಸೈನ್ಯ ಕೋಟೆಯ ಕೆಳಗಡೆ ನದಿ ದಾಟಬೇಕು. ದಾಟುವ ಹೊತ್ತಿನಲ್ಲಿ ಕೋಟೆಯ ಸೇನಾನಿ ಪೆಂಬರ್ಟನ್ನನ ಕಣ್ಣು ಬೇರೆಲ್ಲೋ ಇರಬೇಕು. ಆ ಕಣ್ಣನ್ನು ಬೇರೆಡೆಗೆ ಸೆಳೆಯುವ ಕೆಲಸ ಗ್ರಿಯರ್ಸನ್ ಪಾಲಿಗೆ ಬಂತು.

ಏಪ್ರಿಲ್ 17ರಂದು ಟೆನೆಸ್ಸೀ ರಾಜ್ಯದ ಲಾ ಗ್ರೇಂಜ್‌ನಿಂದ 1,700 ಸವಾರರು ದಕ್ಷಿಣಕ್ಕೆ ಹೊರಟರು. ಕರ್ನಲ್‌ನ ಜೇಬಿನಲ್ಲಿ ಒಂದು ನಕ್ಷೆ, ಒಂದು ದಿಕ್ಸೂಚಿ, ಜೊತೆಗೆ ನಮ್ಮ ಕಛೇರಿಗಳ ಮೋರ್ಸಿಂಗ್ ಜಾತಿಯ ಪುಟ್ಟ ವಾದ್ಯ.

ಮುಂದಿನದೆಲ್ಲ ಬಲಕ್ಕಿಂತ ಉಪಾಯದ ಕಥೆ. ನಾಲ್ಕನೇ ದಿನ ಕಾಯಿಲೆಯವರನ್ನೂ ಬಳಲಿದವರನ್ನೂ, ಸುಮಾರು 175 ಮಂದಿಯನ್ನು, ಗ್ರಿಯರ್ಸನ್ ಹಿಂದಕ್ಕೆ ಕಳಿಸಿದ. ಮರುದಿನ ಕರ್ನಲ್ ಹ್ಯಾಚ್‌ನ ಎರಡನೇ ಅಯೋವ ದಳವನ್ನೂ ಬೇರ್ಪಡಿಸಿದ. ಆ ದಳ ಜೊತೆಗಿದ್ದ ಒಂದೇ ಫಿರಂಗಿಯನ್ನು ದಾರಿಯಲ್ಲಿ ನಾಲ್ಕು ಕಡೆ ತಿರುಗಿಸಿ ಗಾಲಿಯ ಗುರುತು ಮೂಡಿಸಿತು. ಇಡೀ ಸೈನ್ಯವೇ ನಾಲ್ಕು ಫಿರಂಗಿಗಳೊಂದಿಗೆ ವಾಪಸಾಯಿತೆಂದು ಶತ್ರು ನಂಬಬೇಕು. ಬೆನ್ನಟ್ಟಿ ಬಂದವರು ನಂಬಿಯೂ ನಂಬಿದರು. ಅವರು ಹ್ಯಾಚ್‌ನ ಹಿಂದೆ ಉತ್ತರಕ್ಕೆ ಓಡಿದರೆ, ಗ್ರಿಯರ್ಸನ್ ಉಳಿದ ಒಂಬೈನೂರು ಚಿಲ್ಲರೆ ಜನರೊಡನೆ ದಕ್ಷಿಣಕ್ಕೆ ಜಾರಿದ. ಮುಂದೆ ಮುಂದೆ ಶತ್ರುಗಳ ವೇಷ ತೊಟ್ಟ ಬೇಹುಗಾರರು ದಾರಿ ನೋಡುತ್ತಾ ಹೋದರು.

ಏಪ್ರಿಲ್ 24ರ ಬೆಳಿಗ್ಗೆ ನ್ಯೂಟನ್ ಸ್ಟೇಷನ್. ವಿಕ್ಸ್‌ಬರ್ಗ್‌ಗೆ ಪೂರ್ವದಿಂದ ದವಸ, ಮದ್ದುಗುಂಡು ಸಾಗುತ್ತಿದ್ದ ರೈಲುಮಾರ್ಗ ಅದು. ಅಂದು ಬಂದ ಎರಡು ರೈಲುಗಳನ್ನು ಸವಾರರು ಹಿಡಿದು ಸುಟ್ಟರು. ಹಳಿ ಕಿತ್ತರು, ತಂತಿ ಕತ್ತರಿಸಿದರು. ಪೆಂಬರ್ಟನ್ ಗಾಬರಿಯಿಂದ ಇದ್ದಬದ್ದ ಪಡೆಗಳನ್ನು ಅವರ ಬೇಟೆಗೆ ಅಟ್ಟಿದ. ಏಪ್ರಿಲ್ 30ರಂದು ಗ್ರಾಂಟ್‌ನ ಸೈನ್ಯ ಬ್ರೂಯಿನ್ಸ್‌ಬರ್ಗ್ ಬಳಿ ಎದುರಾಳಿಯೇ ಇಲ್ಲದೆ ನದಿ ದಾಟಿ ದಡ ಸೇರಿತು. ಜುಲೈ 4ರಂದು ವಿಕ್ಸ್‌ಬರ್ಗ್ ಶರಣಾಯಿತು.

ಇಷ್ಟೆಲ್ಲ ಮಾಡಿ ಬಂದ ದಳದಲ್ಲಿ ಸತ್ತವರು ಕೇವಲ ಮೂವರು, ಗಾಯಗೊಂಡವರು ಏಳು ಮಂದಿ; ಒಂಬತ್ತು ಜನ ಕಾಣೆಯಾಗಿದ್ದರು. ಕೊನೆಯ 28 ಗಂಟೆಗಳಲ್ಲಿ 76 ಮೈಲಿ ಸವಾರಿ. ಹಲವರು ಜೀನಿನ ಮೇಲೆಯೇ ತೂಕಡಿಸುತ್ತಾ ಬಂದಿದ್ದರು. ಜನರಲ್ ಶೆರ್ಮನ್ ಇದನ್ನು ಯುದ್ಧದ ಅತ್ಯಂತ ಉಜ್ವಲ ದಂಡಯಾತ್ರೆ ಎಂದು ಕೊಂಡಾಡಿದ. ಸಂಗೀತದ ಮೇಷ್ಟರು ಬ್ರಿಗೇಡಿಯರ್ ಜನರಲ್ ಆದ. ಎಲ್ಲ ಕಾಳಗಗಳೂ ಹೀಗೆಯೇ ಮುಗಿಯಲಿಲ್ಲವೆನ್ನಿ. 1864ರ ಜೂನ್‌ನಲ್ಲಿ ಬ್ರೈಸಸ್ ಕ್ರಾಸ್‌ರೋಡ್ಸ್ ಎಂಬಲ್ಲಿ ದಕ್ಷಿಣದ ಫಾರೆಸ್ಟ್ ಉತ್ತರದವರನ್ನು ಚದುರಿಸಿದಾಗ ಅಶ್ವಪಡೆಯ ಹೊಣೆ ಹೊತ್ತಿದ್ದವನು ಇದೇ ಗ್ರಿಯರ್ಸನ್.

ಹತ್ತನೇ ಅಶ್ವದಳ

ಯುದ್ಧ ಮುಗಿದ ಮೇಲೆ 1866ರ ಜುಲೈನಲ್ಲಿ ಅಮೆರಿಕದ ಕಾಂಗ್ರೆಸ್ ಹೊಸ ಕಾನೂನು ಮಾಡಿತು. ಖಾಯಂ ಸೈನ್ಯದಲ್ಲಿ ಮೊದಲ ಬಾರಿಗೆ ಕಪ್ಪುಜನರ ದಳಗಳು ಬಂದವು. ಸೇರಿದವರಲ್ಲಿ ಬಹುಮಂದಿ ಒಂದೆರಡು ವರ್ಷದ ಹಿಂದಷ್ಟೇ ಗುಲಾಮರಾಗಿದ್ದವರು. ತಿಂಗಳಿಗೆ 13 ಡಾಲರ್ ಸಂಬಳ, ಐದು ವರ್ಷದ ಕರಾರು. ಆದರೆ ಅವರ ಮೇಲಧಿಕಾರಿಗಳೆಲ್ಲ ಬಿಳಿಯರು. ಇಂಥ ದಳದಲ್ಲಿ ಕೆಲಸ ಮಾಡುವುದು ತಮ್ಮ ಘನತೆಗೆ ಕುಂದೆಂದು ಮೂಗು ಮುರಿದ ಅಧಿಕಾರಿಗಳಿದ್ದರು. ಗ್ರಿಯರ್ಸನ್ ಹತ್ತನೇ ಅಶ್ವದಳದ ಕರ್ನಲ್ ಹುದ್ದೆಯನ್ನು ಒಪ್ಪಿಕೊಂಡ.

ದಳ ಕಟ್ಟಿದ್ದು ಕ್ಯಾನ್ಸಸ್‌ನ ಫೋರ್ಟ್ ಲೆವನ್‌ವರ್ತ್‌ನಲ್ಲಿ. ಅಲ್ಲಿಯ ಕೋಟೆಯ ಅಧಿಕಾರಿ ಈ ಸೈನಿಕರಿಗೆ ಕೊಟ್ಟದ್ದು ತೇವ ಜಿನುಗುವ ತಗ್ಗು ಜಾಗ. ಬಿಳಿಯರ ದಳಗಳ ಹತ್ತಿರ ಕವಾಯತಿಗೆ ನಿಲ್ಲಬಾರದೆಂಬ ತಾಕೀತು ಬೇರೆ. ಗ್ರಿಯರ್ಸನ್ ಜಗಳಕ್ಕೇ ನಿಂತ. ತನ್ನ ಅಧಿಕಾರಿಗಳಿಗೆ ಇನ್ನೊಂದು ಅಪ್ಪಣೆಯನ್ನೂ ಕೊಟ್ಟ: ವರದಿಗಳಲ್ಲಿ ಸೈನಿಕರ ಬಣ್ಣದ ಪ್ರಸ್ತಾಪ ಕೂಡದು, ಇದು ಅಮೆರಿಕ ಸೈನ್ಯದ ಹತ್ತನೇ ಅಶ್ವದಳ, ಅಷ್ಟೆ. ಬ್ಯಾಂಡನ್ನೂ ಕಟ್ಟಿದ, ಹಳೆಯ ಮೇಷ್ಟರು ಸುಮ್ಮನಿರುವುದುಂಟೆ?

ಮುಂದೆ 'ಬಫಲೊ ಸೋಲ್ಜರ್ಸ್', ಅಂದರೆ ಕಾಡೆಮ್ಮೆ ಸೈನಿಕರು, ಎಂದು ಹೆಸರಾದವರು ಇಂಥ ದಳಗಳವರೇ. ವೆಸ್ಟ್ ಪಾಯಿಂಟ್ ಸೇನಾ ಶಾಲೆಯಿಂದ 1877ರಲ್ಲಿ ತೇರ್ಗಡೆಯಾದ ಮೊದಲ ಕಪ್ಪು ಅಧಿಕಾರಿ ಹೆನ್ರಿ ಫ್ಲಿಪ್ಪರ್ ಬಂದು ಸೇರಿದ್ದೂ ಹತ್ತನೇ ಅಶ್ವದಳವನ್ನೇ. 1881ರಲ್ಲಿ ಅವನ ಮೇಲೆ ಹಣ ದುರುಪಯೋಗದ ಆಪಾದನೆ ಹೊರಿಸಿ ವಿಚಾರಣೆ ನಡೆಸಿದಾಗ ಗ್ರಿಯರ್ಸನ್ ಅವನ ಪರವಾಗಿ ಪತ್ರ ಬರೆದ. ಆ ಆಪಾದನೆ ನಿಲ್ಲಲಿಲ್ಲ. ಆದರೂ ಅಧಿಕಾರಿಗೆ ತಕ್ಕುದಲ್ಲದ ನಡತೆಯೆಂಬ ನೆಪದಲ್ಲಿ ಫ್ಲಿಪ್ಪರ್ ಹುದ್ದೆ ಕಳೆದುಕೊಂಡ. ಅವನಿಗೆ ಅಧ್ಯಕ್ಷರ ಕ್ಷಮಾದಾನ ಸಿಕ್ಕಿದ್ದು 1999ರಲ್ಲಿ, ಸತ್ತು ಐವತ್ತೊಂಬತ್ತು ವರ್ಷವಾದ ಮೇಲೆ.

ನೀರು ಕಾದ ಯುದ್ಧ

ಇಲ್ಲೊಂದು ಕಹಿ ಸತ್ಯವನ್ನು ಹೇಳದೆ ಮುಂದೆ ಹೋಗುವಂತಿಲ್ಲ. ಆಗತಾನೆ ಸಂಕೋಲೆ ಕಳಚಿಕೊಂಡ ಈ ಜನರನ್ನು ಸರ್ಕಾರ ಬಳಸಿದ್ದು ನೆಲ ಕಳೆದುಕೊಳ್ಳುತ್ತಿದ್ದ ಮೂಲನಿವಾಸಿಗಳ ಮೇಲೆ. ಗ್ರಿಯರ್ಸನ್‌ನೂ ಅದೇ ಯಂತ್ರದ ಒಂದು ಗಾಲಿ. ಈಗಿನ ಓಕ್ಲಹೋಮದಲ್ಲಿ 1869ರಲ್ಲಿ ಸ್ಥಾಪಿತವಾದ ಫೋರ್ಟ್ ಸಿಲ್ ಕೋಟೆಯ ಕಲ್ಲುಕಟ್ಟಡಗಳನ್ನು ಕಟ್ಟಿಸಿದ್ದು ಅವನೇ. ಆದರೂ ಕಿಯೊವಾ, ಕೊಮಾಂಚಿ ಜನರೊಡನೆ ಮಾತುಕತೆಯಿಂದ ಆಗುವುದಕ್ಕೆ ಬಂದೂಕು ಬೇಡವೆನ್ನುವ ಪಂಗಡದವನಾಗಿದ್ದ. ಈ ಕಾರಣಕ್ಕೆ 'ಮೆತ್ತಗಿನವ' ಎಂಬ ಟೀಕೆಯನ್ನೂ ಕೇಳಿದ.

1880ರಲ್ಲಿ ಅಪಾಚಿ ನಾಯಕ ವಿಕ್ಟೋರಿಯೊನ ಕಾರ್ಯಾಚರಣೆ ಬಂತು. ತವರು ನೆಲವಾದ ಓಹೊ ಕಾಲಿಯೆಂಟೆಯಿಂದ ಎಬ್ಬಿಸಿ ಸ್ಯಾನ್ ಕಾರ್ಲೊಸ್ ಎಂಬಲ್ಲಿಗೆ ತಳ್ಳಿದ್ದನ್ನು ಒಪ್ಪದೆ ಬಂಡೆದ್ದವನು ಅವನು. ಅವನನ್ನು ಬೆನ್ನಟ್ಟಿದ ದಳಗಳು ಮರುಭೂಮಿಯಲ್ಲಿ ಸುಸ್ತಾಗಿದ್ದವು. ಗ್ರಿಯರ್ಸನ್ ಬೆನ್ನಟ್ಟುವ ಗೋಜಿಗೆ ಹೋಗಲಿಲ್ಲ. ಪಶ್ಚಿಮ ಟೆಕ್ಸಾಸ್‌ನ ಆ ಒಣ ನೆಲದಲ್ಲಿ ಕುದುರೆಗೂ ಮನುಷ್ಯನಿಗೂ ನೀರು ಬೇಕೇ ಬೇಕು. ನೀರಿನ ತಾಣಗಳನ್ನೇ ಕಾದು ಕುಳಿತ. ಜುಲೈ 30ರಂದು ಟಿನಾಹಾ ದೆ ಲಾಸ್ ಪಾಲ್ಮಾಸ್ ಎಂಬ ನೀರಹೊಂಡದ ಬಳಿ ಬೆರಳೆಣಿಕೆಯ ಸೈನಿಕರೊಡನೆ ಕಲ್ಲಿನ ಗೋಡೆಯ ಮರೆಯಲ್ಲಿ ತಾನೇ ನಿಂತು, ಸಹಾಯ ಬರುವ ತನಕ ಅಪಾಚಿಗಳನ್ನು ತಡೆದ. ಮಗ ರಾಬರ್ಟ್ ಕೂಡ ಜೊತೆಗಿದ್ದ. ಆಗಸ್ಟ್ 6ರಂದು ರ‍್ಯಾಟಲ್‌ಸ್ನೇಕ್ ಸ್ಪ್ರಿಂಗ್ಸ್‌ನಲ್ಲೂ ನೀರು ಸಿಗದೆ ವಿಕ್ಟೋರಿಯೊ ಮೆಕ್ಸಿಕೊಗೆ ಹಿಂದಿರುಗಿದ; ಅಕ್ಟೋಬರ್‌ನಲ್ಲಿ ಅಲ್ಲಿಯ ಪಡೆಗಳ ಕೈಯಲ್ಲಿ ಸತ್ತ. ಬಾಯಾರಿದವರಿಗೆ ನೀರು ತಪ್ಪಿಸಿ ಗೆದ್ದ ಯುದ್ಧ ಇದು. ಜಾಣತನವೆಂದು ಮೆಚ್ಚುವಾಗಲೂ ಮನಸ್ಸು ಕಸಿವಿಸಿಗೊಳ್ಳದೆ ಇರದು.

ನೆನಪಿನ ತಕ್ಕಡಿ

ಗಡಿನಾಡಿನ ಕೋಟೆಗಳಲ್ಲಿ ಸಂಸಾರವೂ ನೊಂದಿತು. 1878ರಲ್ಲಿ ಟೆಕ್ಸಾಸ್‌ನ ಫೋರ್ಟ್ ಕಾಂಚೊದಲ್ಲಿ ಹದಿಮೂರು ವರ್ಷದ ಮಗಳು ಈಡಿತ್ ವಿಷಮಶೀತ ಜ್ವರದಿಂದ ತೀರಿಕೊಂಡಳು. 1888ರಲ್ಲಿ ಆಲಿಸ್ ಕೂಡ ಹೋದಳು. ಬಡ್ತಿ ಮಾತ್ರ ಬರಲಿಲ್ಲ. ವೆಸ್ಟ್ ಪಾಯಿಂಟ್‌ನವನಲ್ಲ, ಕಪ್ಪುಜನರ ದಳದವನು, ಮೆತ್ತಗಿನವ ಎಂಬ ಹಣೆಪಟ್ಟಿ ಬೇರೆ. ಇಪ್ಪತ್ತಮೂರು ವರ್ಷಕ್ಕೂ ಮೇಲ್ಪಟ್ಟು ಕರ್ನಲ್ ಆಗಿಯೇ ಉಳಿದವನಿಗೆ ಖಾಯಂ ಸೈನ್ಯದ ಬ್ರಿಗೇಡಿಯರ್ ಜನರಲ್ ಪದವಿ ಸಿಕ್ಕಿದ್ದು 1890ರ ಏಪ್ರಿಲ್‌ನಲ್ಲಿ. ಜುಲೈನಲ್ಲಿ ನಿವೃತ್ತಿ! 1911ರಲ್ಲಿ ಮಿಷಿಗನ್‌ನ ಒಮೀನ ಎಂಬಲ್ಲಿ ಕೊನೆಯುಸಿರೆಳೆದ.

ಅಮೆರಿಕದ ಅಶ್ವದಳ ಎಂದೊಡನೆ ನೆನಪಾಗುವುದು ಜಾರ್ಜ್ ಕಸ್ಟರ್. 1876ರಲ್ಲಿ ಲಿಟಲ್ ಬಿಗ್‌ಹಾರ್ನ್ ನದಿಯ ಬಳಿ ಮೂಲನಿವಾಸಿಗಳ ದೊಡ್ಡ ಶಿಬಿರದ ಮೇಲೆ ದುಡುಕಿ ನುಗ್ಗಿದ ಅವನೊಡನೆ ಇನ್ನೂರೈವತ್ತಕ್ಕೂ ಹೆಚ್ಚು ಜನ ಸತ್ತರು. ಅವನ ಮೇಲೆ ಪುಸ್ತಕಗಳ ರಾಶಿಯೇ ಇದೆ. ಗ್ರಿಯರ್ಸನ್‌ನ ದಾಳಿಯ ಮೇಲೆ 1959ರಲ್ಲಿ ಜಾನ್ ಫೋರ್ಡ್ 'ದಿ ಹಾರ್ಸ್ ಸೋಲ್ಜರ್ಸ್' ಚಿತ್ರ ತೆಗೆದ. ನಾಯಕ ಜಾನ್ ವೇಯ್ನ್. ಆದರೆ ಚಿತ್ರದಲ್ಲಿ ಕರ್ನಲ್‌ನ ಹೆಸರೂ ಬೇರೆ, ಕಸುಬೂ ಬೇರೆ: ಅವನೊಬ್ಬ ರೈಲ್ವೆ ಎಂಜಿನಿಯರ್. ಪಿಯಾನೊ ನುಡಿಸುವ, ಕುದುರೆಗೆ ಹೆದರುವ ವೀರ ಬೆಳ್ಳಿತೆರೆಗೆ ಹಿಡಿಸಲಿಲ್ಲವೇನೋ.

ಜನರನ್ನು ಸಾವಿನ ಬಾಯಿಗೆ ಕೊಂಡೊಯ್ದವನು ದಂತಕಥೆಯಾದ. ಕಾಯಿಲೆಯವರನ್ನು ಮೊದಲೇ ಮನೆಗೆ ಕಳಿಸಿ, ಉಳಿದವರನ್ನು ಜೀವಸಹಿತ ತಂದು, ಅವರು ಮಲಗಿದಾಗ ತಾನು ಎಚ್ಚರವಿದ್ದವನು ಮರೆತುಹೋದ. ಇತಿಹಾಸದ ತಕ್ಕಡಿಯಲ್ಲಿ ಸತ್ತವರ ತೂಕ ಹೆಚ್ಚು. ಬದುಕಿ ಮನೆಗೆ ಬಂದವರ ಲೆಕ್ಕ ಇಡುವವರು ಕಡಿಮೆ.